ಹೆಣದ ಪಾರ್ಟು

ಕೊಲೆ ಆದಾಂವ ನಾನೇ.
ಪೈಲೇ ಹೇಳಿಬಿಡ್ತೀನಿ, ಆಮ್ಯಾಲ ತಕರಾರು ಬ್ಯಾಡ.

ಎಪ್ಪತ್ತೆರಡರ ಮೇ ತಿಂಗಳು. ಬೀದರ ಕಿಲ್ಲಾದೊಳಗ
ಅರ್ಧ ಮೈ ಹುಣಸೀ ನೆರಳಿಗೆ, ಅರ್ಧ ಮೈ ಬಿಸಿಲಿಗೆ
ನನ್ನ ಅಂಗಾತ ಮಲಗಿಸಿದ್ರು.
ಅಂಗಿ ಮ್ಯಾಲ ಗುಲಾಬಿ ಶರಬತ್ತು ಸುರುವಿದ್ರು.
ಕರಿ-ಬಿಳಿ ಸಿನಿಮಾ, ಶಾಯಿ ನಡೀತಿತ್ತು,
ಬಾಟ್ಲಿ ಖಾಲಿ ಆದ ಮ್ಯಾಲ ನೆನಪಾತು.
ಇರುವಿ ಸಾಲು ಹಚ್ಚಿದ್ವು.
ತೆಲಿ ಬಾಜೂಕ ಬಿದ್ರಿ ಹೂಜಿ, ನಮ್ಮ ಉಸ್ತಾದರದು.
ಒಂದು ಗೀರು ಬಿದ್ರೂ ಖರೇನೇ ಕೊಲೆ ಆಗ್ತದ ಅಂದಿದ್ರು.
ನನ್ನ ಪಗಾರ ಹದಿನೈದು ರೂಪಾಯಿ.

ಕಥಿ ಬರದಾಂವ, ರೊಕ್ಕ ಹಾಕಿದಾಂವ, ನಡುಬಿಸಿಲಾಗ ಒದರಿದಾಂವ
ಎಲ್ಲಾ ಒಬ್ಬನೇ: ಸಂಗ್ರಾಮಪ್ಪ ಹುಡಗೀಕರ್,
ಲಗ್ನಪತ್ರ ಛಾಪಿಸೋ ಪ್ರೆಸ್ಸಿನ ಮಾಲಕ.
ಸೀಜನ್ ಮುಗಿದ ಮ್ಯಾಲ ಉಳಿದ ಕಾಗದದಾಗ
ಪತ್ತೇದಾರ ತೂಫಾನ್ ರಾವನ ಕಾದಂಬರಿ ಬಿಡ್ತಿದ್ದ, ಎಂಟಾಣೆಕ್ಕೊಂದು.
ಒಂದರಾಗ ಕೊಲೆಗಾರನ ಹೆಸರಿನ ಕೆಳಗ
ಹಳೇ ಮೊಳೆ ತೆಗಿಯೋದು ಮರತು
"ತಮ್ಮ ಆಗಮನಾಭಿಲಾಷಿಗಳು" ಅಂತ ಬಿದ್ದಿತ್ತು.

ತೂಫಾನ್ ರಾವ್ ಆದಾಂವ ಕಂಡಕ್ಟರ್ ವೈಜಿನಾಥ.
ಬ್ಯಾಂಡಿನವರ ಕೋಟು, ಪಾದ್ರಿ ಸಾಹೇಬರ ಟೊಪ್ಪಿಗಿ,
ತುಟ್ಯಾಗ ಪೈಪು, ಹುಕ್ಕಾದ ಮುರುಕು ಮೂತಿ.
"ಕೊಲೆಗಾರ ಈ ಕೋಣ್ಯಾಗೇ ಅದಾನ" ಅನ್ನೋ ಬದ್ಲಿ
"ಯಾರದು ಟಿಕೇಟ್ ಆಗಿಲ್ಲ?" ಅಂದ.
ರೀಲ್ ತುಟ್ಟಿ. ಹಂಗೇ ಇಟ್ಕೊಂಡ್ರು.

ನೌಬಾದಿನ ಸುರಂಗ ಬಾವ್ಯಾಗ ಖಳನ ಅಡ್ಡಾ.
ಬಾವಲಿ ಎದ್ದವು. ಸೊಲ್ಲಾಪುರದ ಕ್ಯಾಮೆರಾದಾಂವ ಓಡಿದ.
ಖಳ ಒಬ್ಬನೇ ಕತ್ತಲದಾಗ ನಿಂತು
ಡೈಲಾಗ್ ಪೂರಾ ಹೇಳಿ ಮ್ಯಾಲ ಬಂದ, ಪಾಪ.

ಸಿಸ್ಟರ್ ಎಸ್ತೇರಮ್ಮ, ಮಿಷನ್ ದವಾಖಾನಿದಾಕಿ,
ರಾತ್ರಿ ಡ್ಯೂಟಿ ಮುಗಿಸಿ ಹಂಗೇ ಬಂದಿದ್ಲು ನನ್ನ ನಾಡಿ ನೋಡಲಿಕ್ಕ.
"ಸತ್ತಾನ" ಅಂದಳು, ಕಿಲ್ಲಾ ಕೇಳೋಹಂಗ.
ಆಮ್ಯಾಲ ಬಗ್ಗಿ, ನನ್ನ ಕಿವಿಗಷ್ಟೇ:
"ನೂರಾಎರಡು ಜ್ವರ ಅದ. ಕಣ್ಣು ತೆರೀಬ್ಯಾಡ. ಸಂಜೀಕ ಬಾ."
ಕ್ಯಾಮೆರಾ ತಿರುಗಲತ್ತಿತ್ತು. ಹೆಣ ನಕ್ಕಿತು.
ಅದನ್ನೂ ಇಟ್ಕೊಂಡ್ರು.

ಹನ್ನೊಂದನೇ ದಿನ ರೊಕ್ಕ ಖಲಾಸ್.
ಚೌಬಾರಾ ಮ್ಯಾಲ ಕೊಲೆಗಾರನ ಮುಸುಕು ತೆಗಿಯೋ ಸೀನು
ತೆಗೀಲೇ ಇಲ್ಲ. ಹೆಸರು ಯಾರಿಗೂ ಹೇಳಿರಲಿಲ್ಲ ಮಾಲಕ,
ಊರಿಗೆ ಗೊತ್ತಾದ್ರ ಟಿಕೇಟ್ ಯಾರು ತಗೋತಾರ ಅಂತ.
ಡೇರೆಯೊಳಗ ಮೂರು ರಾತ್ರಿ ಆಡಿತು.
ಕಡೀಕ ಒಂದು ಪಾಟಿ: "ಕೊಲೆಗಾರ ಯಾರು? ಹಣ ಒದಗಿದ ಮೇಲೆ."
ಜನ ಕುರ್ಚಿ ಒಗೀಲಿಲ್ಲ. ಹೊರಗ ನಿಂತು
ರಾತ್ರಿ ಒಂದರ ತನಕ ವಾದ ಮಾಡಿದ್ರು.

ಇನ್ನೂ ಮಾಡ್ತಾರ.
ಹೆತ್ತವರಿಟ್ಟ ಮೆಹತಾಬ ಅನ್ನೋ ಹೆಸರು ಹೋಗಿ
ನಾನು ಮುರ್ದಾ ಚಾಚಾ ಆಗೀನಿ.
ಚಹಾದಂಗಡ್ಯಾಗ ಹುಡುಗರು ಕೇಳ್ತಾರ:
"ಟಾಂಗಾದಾಂವ ಅಲ್ಲೇನ್ ಚಾಚಾ? ಇಲ್ಲಾ ಆ ನರ್ಸ?"

ಸಿನಿಮಾ ಎಂದೋ ಕರಗಿ ಅಂಟಾಗಿ ಹೋತು.
ನನ್ನ ಜರ್ದಾ ಡಬ್ಬ್ಯಾಗ ನಾಲ್ಕು ತುಂಡು ಫಿಲ್ಮು ಉಳದದ.
ಬಿಸಿಲಿಗೆ ಹಿಡದ್ರ ಮೂರರಾಗ ನಾನು, ನಾಲ್ಕನೇದರಾಗ
ನನ್ನ ಮುಖದ ಮ್ಯಾಲ ಒಂದು ನೆರಳು,
ಕೈ ಎತ್ತಿ ಏನೋ ಹಿಡಕೊಂಡದ.
"ಇವನೇ ಇವನೇ!" ಅಂತಾರ ಎಲ್ಲಾರು.
ವೈಜಿನಾಥ ಸಾಯೋ ಮುಂದೂ ಭೂತಗನ್ನಡಿ ಇಟ್ಟು ನೋಡಿದ,
"ಎತ್ತರದ ಆಸಾಮಿ, ಎಡಗೈಯಾಂವ" ಅಂದ.

ಎಡಗೈಯಾಂವ ಹೌದು.
ಬಲಗೈಯಾಗ ಸ್ಕ್ರಿಪ್ಟ್ ಇತ್ತು, ಎಡಗೈಯಾಗ ಛತ್ರಿ.
ಎಸ್ತೇರಮ್ಮ ಹೋಗಿ ಅವಗ ಬೈದ ಮ್ಯಾಲ
ಒಂದು ತಾಸು, ಮಲಗಿದ ಹೆಣಕ್ಕ
ಬಿಸಿಲು ಬಡಿಬಾರ್ದಂತ ನಿಂತಿದ್ದ ಸಂಗ್ರಾಮಪ್ಪ,
ಫ್ರೇಮು ಕೆಡ್ತದ ಅಂತ ಸೊಲ್ಲಾಪುರದಾಂವ ಒದರಿದ್ರೂ.

ಹದಿನೈದು ರೂಪಾಯಿ ಬಾಕಿ ಇಟ್ಟೇ ಹೋದ.
ಡಬ್ಬಿ ಮುಚ್ಚಿ ಕಿಸೆದಾಗ ಇಟ್ಕೋತೀನಿ.
ಹುಡುಗರು ಇನ್ನೊಂದು ಚಹಾ ತರಿಸ್ತಾರ, ಬಾಯಿ ಬಿಡಿಸಲಿಕ್ಕ.
ಕುಡಿತೀನಿ.
ಹೆಣ ಎಲ್ಲರೆ ಸಾಕ್ಷಿ ಹೇಳ್ತದೇನ್ರೀ?