ಅಳತೆ ಪುಸ್ತಕ

ಮೊದಲ ಪುಟ, ಅರವತ್ತೊಂಬತ್ತನೇ ಇಸವಿ:
ಘನಶ್ಯಾಮ ಕೊಳಂಬಕರ, ಅರ್ಗಾ.
ಹೆಸರಷ್ಟೇ ಘನ. ಎದೆ ಇಪ್ಪತ್ತೊಂಬತ್ತು ಇಂಚು.
ಬೇಕಾದದ್ದು ಕುಪ್ಪಸ; ನಾಯಕಿ ತವರಿಗೆ ಹೋದವಳು ಬರಲೇ ಇಲ್ಲ.
"ಇನಾಸಾ, ಕಂಕುಳು ಸ್ವಲ್ಪ ಸಡಿಲ ಬಿಡು,
ಎರಡನೇ ಅಂಕದಲ್ಲಿ ಕೈ ಎತ್ತಿ ಅಳೋದಿದೆ."
ಬಿಟ್ಟೆ. ಮಜೂರಿ ಎರಡೂವರೆ ರೂಪಾಯಿ, ಬಾಕಿ.

ಅವನು ಅತ್ತ ಗದ್ದೆ ಈಗ ನೌಕಾನೆಲೆಯ ಗೋಡೆಯೊಳಗಿದೆ,
ಹೋಗಲು ಪಾಸು ಬೇಕು.
ಆ ರಾತ್ರಿ ಗಂಡಸರು ತಲೆಗೆ ಸುತ್ತಿದ್ದ ಪಂಚೆ ಬಿಚ್ಚಿ
ಮೂಗು ಒರೆಸಿಕೊಂಡರು.
ನಾನು ನೋಡುತ್ತಿದ್ದದ್ದು ಕಂಕುಳ ಹೊಲಿಗೆ ಮಾತ್ರ.

ಆಮೇಲೆ ಪುಟಗಳು ಬೇಗ ಬೇಗ ತುಂಬಿದವು.
ಫೌಜದಾರ: ಸೊಂಟ ಮೂವತ್ತು, ದಿಂಬು ಕಟ್ಟಿ ನಲವತ್ತು.
ಕುಡುಕ: ಅದೇ ಫೌಜದಾರನ ಚಡ್ಡಿ, ಗುಂಡಿ ಕಿತ್ತದ್ದು.
ಧರ್ಮರಾಯ: ಜರಿ ಸಾಲದೆ ಬೆನ್ನಿಗೆ ಬರೀ ಮಾದರಪಾಟು.
"ಧರ್ಮರಾಯ ಬೆನ್ನು ತೋರಿಸೋದಿಲ್ಲ ಬಿಡು" ಎಂದ.
ತೋರಿಸಲೂ ಇಲ್ಲ. ಮೂರು ತಾಸು
ಏಡಿಯ ಹಾಗೆ ಅಡ್ಡಡ್ಡ ನಡೆದ,
ರಂಗ ಬಿಟ್ಟು ಹೋಗುವಾಗಲೂ.
ಕುಮಟೆಯ ಪತ್ರಿಕೆಯೊಂದು ಅದನ್ನು ಹೊಸ ಶೈಲಿ ಎಂದು ಬರೆಯಿತು.

ಎಪ್ಪತ್ತಾರರಲ್ಲಿ ಬೈತಖೋಲಕ್ಕೆ
ಅದಿರು ತುಂಬಲು ಬಲ್ಗೇರಿಯದ ಹಡಗು ಬಂತು.
ಅದರ ಅಡುಗೆಯವನೊಬ್ಬ ನಾಟಕಕ್ಕೆ ಬಂದು
ಮುಂದಿನ ಸಾಲಿನಲ್ಲಿ ಕೂತ. ಒಂದಕ್ಷರ ತಿಳಿಯದು,
ನಗುವ ಕಡೆ ಎಲ್ಲರಿಗಿಂತ ಒಂದು ಗಳಿಗೆ ಮೊದಲೇ ನಕ್ಕ.
ಊರು ಯಾವುದೆಂದರೆ ವಾರ್ನಾ ಎಂದ; ನಮಗೆ ಕೇಳಿಸಿದ್ದು ವರ್ಣ.
ಅಲ್ಲೂ ಒಬ್ಬನಿದ್ದಾನಂತೆ, ಕೈಸನ್ನೆಯಲ್ಲೇ ಹೇಳಿದ,
ಇವತ್ತು ರಾಜ, ನಾಳೆ ಕುಂಟ, ನಾಡಿದ್ದು ತೆರೆಯ ಮೇಲೆ ಕಳ್ಳ,
ನಿನ್ನ ಹಾಗೇ, ಮೂಗು ಮಾತ್ರ ಉದ್ದ.
ಹೋಗುವಾಗ ತನ್ನ ಉಣ್ಣೆಯ ಕೋಟು ಕೊಟ್ಟುಹೋದ.
ಕಾರವಾರದ ಸೆಕೆಗೆ ಉಣ್ಣೆ!
ಬಿಚ್ಚಿ ನೋಡಿದೆ. ದೇವರಾಣೆ,
ಅಂಥ ಒಳಹೊಲಿಗೆ ನನ್ನ ಕೈಗೆ ಇಂದಿಗೂ ಬರಲಿಲ್ಲ.

ಆ ಕೋಟು ಅವನೊಂದಿಗೆ ಇಪ್ಪತ್ತು ವರ್ಷ ನಟಿಸಿತು.
ಡಾಕ್ಟರು, ಜಿಪುಣ, ಬ್ಯಾರಿಸ್ಟರು, ಮಗಳನ್ನು ಗುರುತಿಸದ ಅಪ್ಪ.
ಪ್ರತಿ ಸಲವೂ ಬಿಚ್ಚಿದೆ, ಹೊಲಿದೆ.
ಜಿಪುಣನ ಬೆವರಿಗೆ ಒಂದು ವಾಸನೆ, ಅಪ್ಪನದಕ್ಕೆ ಇನ್ನೊಂದು.
ನಂಬದಿದ್ದರೆ ಬಿಡಿ.

ಸಿನಿಮಾದವರು ದೇವಬಾಗಕ್ಕೆ ಬಂದಾಗ ಅಂಬಿಗನಾದ.
ಒಂದು ಲುಂಗಿ; ನನಗೆ ಕೆಲಸವಿಲ್ಲ.
ಎರಡು ದಿನ ದೋಣಿ ನಡೆಸಿದ. ತೆರೆಗೆ ಬಂದದ್ದು
ಬೆನ್ನು, ಎಣಿಸಿದೆ, ಹನ್ನೊಂದು ಸೆಕೆಂಡು.
"ಧರ್ಮರಾಯ ಅಡಗಿಸಿದ್ದು ಸಿಕ್ಕಿಬಿತ್ತು ನೋಡು"
ಎಂದು ಕತ್ತಲಲ್ಲಿ ನನ್ನ ಕಿವಿಯಲ್ಲಿ ನಕ್ಕ.
ಆದರೂ ಆ ಬೆನ್ನು, ಹುಟ್ಟಿದಾಗಿನಿಂದ ಹುಟ್ಟು ಹಾಕಿದವನದು.
ಅಸಲಿಗೆ ಅವನಿಗೆ ನೀರೆಂದರೆ ಹೆದರಿಕೆ,
ಕಾಳಿ ಸೇತುವೆ ಬಂದರೆ ಬಸ್ಸಿನ ಕಿಟಕಿ ಮುಚ್ಚಿಸುತ್ತಿದ್ದ.

ಧಾರಾವಾಹಿಯಲ್ಲಿ ನ್ಯಾಯಾಧೀಶ, ಮುನ್ನೂರು ಕಂತು,
ಮೇಜಿನಿಂದ ಮೇಲಷ್ಟೇ ಮನುಷ್ಯ.
ನನ್ನ ಪುಸ್ತಕದಲ್ಲೂ ಅಳತೆ ಸೊಂಟಕ್ಕೇ ನಿಂತಿದೆ.
ಮೀನುಪೇಟೆಯಲ್ಲಿ ಬಾಂಗಡೆ ಎಣಿಸುವ ಮೊದಲು ಹೆಂಗಸರು,
"ಸಾಹೇಬರೇ, ಗೋಡೆಯೊಳಗೆ ಹೋದ ನಮ್ಮ ಮನೆಯ ಕೇಸು?"
ಅವನು ನಗಲಿಲ್ಲ. ನಾನು ನಟ ಎನ್ನಲೂ ಇಲ್ಲ.
ಸರ್ವೇ ನಂಬರು ಕೇಳಿ
ಬೆರಳಿನಿಂದ ಅಂಗೈ ಮೇಲೆ ಬರೆದುಕೊಂಡ.

ಮೊನ್ನೆ ಬಂದ, ಕಂಕುಳಲ್ಲಿ ಕೋಟು.
"ಸಣ್ಣದು ಮಾಡು."
ಪಾತ್ರ ಯಾವುದೆಂದೆ, ಪುಸ್ತಕದಲ್ಲಿ ಬರೆಯಬೇಕಲ್ಲ.
"ಪಾತ್ರ ಇಲ್ಲ ಮಾರಾಯ. ಚಳಿ."
ಹೊರಗೆ ಮೇ ತಿಂಗಳು,
ಫ್ಯಾನಿನ ಕೆಳಗೂ ನನ್ನ ಟೇಪು ಬೆವರಿಗೆ ಅಂಟುತ್ತಿತ್ತು.
ಸುತ್ತಿದೆ. ಮೂವತ್ತು.
ಉಸಿರು ಬಿಡು ಎಂದೆ.
ಬಿಟ್ಟೇ ಇದ್ದೇನೆ ಎಂದ.

ಪಾತ್ರದ ಜಾಗದಲ್ಲಿ ಚಳಿ ಎಂದೇ ಬರೆದೆ.
ಕಂಕುಳು, ಅವನು ಕೇಳದಿದ್ದರೂ,
ಸ್ವಲ್ಪ ಸಡಿಲ ಬಿಟ್ಟೆ.