ಗಾದಿ ಅಂಗಡಿಯಾಗ ಒಂಬತ್ತು ಸೆಕೆಂಡು

ಪ್ಯೊ ಇನ್‌ಹೋ ಅಂತ ಹೆಸರು. ನಮ್ಮ ನಾಲಿಗಿಗೆ ಹೊಂದಲಿಲ್ಲ,
ಪಾಯಣ್ಣ ಅಂದ್ವಿ. ಅದಕ್ಕೂ ಓ ಅಂದ.
ಬೆಟಗೇರಿಗೆ ಬಂದಾಗ ಅವಂಗ ಅರವತ್ತೆಂಟು, ನನಗ ಹತ್ತೊಂಬತ್ತು.
ನಮ್ಮಪ್ಪ ಖಾಜೇಸಾಬ ನದಾಫಗ ಎಷ್ಟೋ,
ಆತ ವಯಸ್ಸನ್ನ ಹಿಂಜಿದ ಗಾದಿ ಮ್ಯಾಲೆ ಎಣಸಾಂವ.

ಕೊರಿಯಾದ ಸಿನಿಮಾ. ಕಥಿ ನಮಗ್ಯಾರೂ ಹೇಳಲಿಲ್ಲ.
ಒಬ್ಬಾಕಿ ಹುಡುಗಿ ಗದಗಿನ ಹತ್ತಿ ಪ್ಯಾಟ್ಯಾಗ ಅಳಕೋತ ನಡೀಬೇಕಿತ್ತಂತ.
ಆಕಿ ಹುಬ್ಬಳ್ಳಿ ಹೋಟೆಲಿನಾಗ ಜ್ವರ ಬಂದು ಮಲಗಿದ್ಲು.
ಮೂರು ದಿನ ಖಾಲಿ.
ಪಾಯಣ್ಣ ಸುಮ್ಮನ ಕೂಡೋ ಮನಶ್ಯಾ ಅಲ್ಲ,
ಕೈ ಮಗಚಿ ಬಿಸಲಿಗೆ ಹಿಡಕೋತ ಓಣಿ ಓಣಿ ತಿರಗಿದ,
ನಾಡಿ ನೋಡಾವ್ರಂಗ.

ನಮ್ಮ ಅಂಗಡಿ ತಗಡಿಗೊಂದು ತೂತು.
ನಾಲ್ಕು ಮಳಿಗಾಲದಿಂದ ಮುಚ್ಚಬೇಕು ಅಂತಿದ್ವಿ.
ಅಪ್ಪ ಬಿಲ್ಲಿನ ತಂತಿಗೆ ಕೊಡತಿ ಹಾಕಿದ,
ಟಂಯ್ ಅಂತು,
ಅರಳಿ ಎದ್ದಿತು,
ತೂತಿನಿಂದ ಇಳದ ಬಿಸಲಕೋಲು ಮೈ ತುಂಬಿಕೊಂತು.
ಪಾಯಣ್ಣ ಬೂಟು ಕಳದು ಒಳಗ ಬಂದ.

ಮಾತು ದಾಟಸಾಕಿ ಧಾರವಾಡದ ವಿದ್ಯಾಶ್ರೀ ಕಲಕೋಟಿ,
ಕೊರಿಯಾದ ಧಾರಾವಾಹಿ ನೋಡಿ ನೋಡಿ ಭಾಷಾ ಕಲತಾಕಿ.
ಅರ್ಧ ಹೇಳಿದ್ಲು, ಅರ್ಧ ನಕ್ಕಳು. ಅಷ್ಟರಾಗ ತಿಳದದ್ದು:
ಉಪ್ಪಿನ ಮಡಿಯಾಗ ಹುಟ್ಟಿದಾಂವ. ಅವನವ್ವ ಉಪ್ಪು ಬಳದು ಬಳದು
ಬಿಳಿ ಬಣ್ಣ ಕಂಡ್ರ ಕಣ್ಣು ಮುಚ್ಚತಿದ್ಲು.
ಏಳು ವರ್ಷ ಬರೇ ದೀಪ ಹೊತ್ತ,
ಕ್ಯಾಮೆರಾದಾಗ ಕಣ್ಣಿಡಾಕ ಯಾರೂ ಬಿಡಲಿಲ್ಲ.
ಬಿಟ್ಟ ಮ್ಯಾಲೆ ತಗದ ಮೊದಲನೇ ಸಿನಿಮಾ
ಸರಕಾರ ಡಬ್ಬ್ಯಾಗಿಟ್ಟು ಕೀಲಿ ಹಾಕಿತು,
ಅದು ಹೊರಗ ಬರೂದರಾಗ ನಾಯಕಿ ಅಜ್ಜಿ ಆಗಿದ್ಲು.
ರೀಲು ಹೋಗಿ ಕಾರ್ಡು ಬಂದ ವರ್ಷ
ಸಿಟ್ಟಿಗೆದ್ದು ಮೀನಂಗಡಿ ಇಟ್ಟ.
ಎಂಟು ತಿಂಗಳು.
ಮೀನಿನ ಮೈಮ್ಯಾಲಿನ ಬೆಳಕು ನೋಡಿ ತಡಕೊಳ್ಳಾಕಾಗದ
ವಾಪಸ್ ಬಂದ. ಈಗ ಎಡಗಣ್ಣಿಗೆ ಪೊರಿ.
'ಒಂದು ಕಣ್ಣಿನ ಕೆಲಸನ ಅಲ್ಲೇನು ಇದು' ಅಂದ.

ನನ್ನ ಕೈಯಾಗ ಹೊಸಾ ಗಾದಿ ಗಲೀಫು ಕೊಟ್ಟು
ಹಿಂಗ ಹಿಡಿ, ಇಷ್ಟ ಹಿಡಿ, ಉಸರು ಹಿಡಿ ಅಂತ ತೋರಿಸಿದ.
ಬೆಳಕು ಅದಕ್ಕ ಬಡದು ಅಪ್ಪನ ಗಲ್ಲಕ್ಕ ಹೋತು.
ಒಂದು ಸಲ ತಗದ. ಜೊತಿ ಹುಡುಗ ಇನ್ನೊಮ್ಮೆ ಅಂದ.
ಅಪ್ಪ ಅಂದ: 'ಅರಳಿ ಒಮ್ಮೆ ಎದ್ದಂಗ ಇನ್ನೊಮ್ಮೆ ಏಳೂದಿಲ್ಲೋ ತಮ್ಮಾ.'
ವಿದ್ಯಾಶ್ರೀ ಬಾಯಿ ತೆಗಿಯೂದರಾಗ
ಪಾಯಣ್ಣ ಹೂಂ ಅಂತ ತಲಿ ಹಾಕಿ
ಲೆನ್ಸಿಗೆ ಟೊಪಗಿ ಹಾಕಿದ್ದ.

ಹೋಗಬೇಕಾದ್ರ ನಮ್ಮ ಬೋರ್ಡು ನೋಡಿ ನಿಂತ:
ನಿಮ್ಮ ಅಕ್ಷರಕ್ಕ ಮೂಲಿನ ಇಲ್ಲಲ್ಲ,
ನೆರಳು ಎಲ್ಲಿ ಕೂಡತೈತಿ?
ಅಪ್ಪ ರೊಕ್ಕ ಮುಟ್ಟಲಿಲ್ಲ, ದಿಂಬೊಂದು ಹೊಲದು ಕೊಟ್ಟ.
ಅದನ್ನ ಕೂಸಿನಂಗ ಬಗಲಾಗ ಹಿಡಕೊಂಡು ಕಾರು ಹತ್ತಿದ.

ಸಿನಿಮಾ ಗದಗಿಗೆ ಬರಲಿಲ್ಲ.
ನಾ ಕೇಶ್ವಾಪುರದಾಗ ಮದಿವಿ ವಿಡಿಯೋ ತಗೀತೀನಿ ಈಗ,
ಮದುಮಗಳ ಮುಖಕ್ಕ ಬೆಳಕು ಬಿಡೂ ಮುಂದ ಕೈ ಮಗಚತೀನಿ,
ಜನಾ ನಗತಾರ.
ಮೊನ್ನೆ ವಿದ್ಯಾಶ್ರೀ ಮೊಬೈಲು ತಂದು ಅಪ್ಪನ ಮುಂದ ಹಿಡದ್ಲು.
ಅಳೋ ಹುಡುಗಿ ಪ್ಯಾಟಿ ದಾಟಿದ ಮ್ಯಾಲೆ
ಒಂಬತ್ತು ಸೆಕೆಂಡು:
ತಂತಿ ನಡಗತೈತಿ, ಬಿಳೇದು ಏನೋ ಏಳತೈತಿ,
ಅಪ್ಪನ ಅರ್ಧ ಮುಖ.
ಅಂಚಿನಾಗ ನನ್ನ ಹೆಬ್ಬೆಟ್ಟು. ತಪ್ಪು ಅದು.
ಕತ್ತರಿಸಬಹುದಿತ್ತು. ಕತ್ತರಿಸಿಲ್ಲ.

ಕಡೀಕ ಹೆಸರು ಏರಿದವು, ಕಡ್ಡಿ, ಚೌಕ, ಸೊನ್ನಿ.
ನಂದ್ಯಾವುದು ಅಂದ ಅಪ್ಪ. ಆಕಿ ಬೆರಳಿಟ್ಲು.
ಒಂದೂ ಸೊನ್ನಿ ಇಲ್ಲ ಅದರಾಗ, ಎಲ್ಲಾ ಮೂಲಿನ.

ಆಮ್ಯಾಲೆ ಕರೇ ಪರದಾ, ಒಂದ ಹೆಸರು,
ಎರಡು ಇಸವಿ, ನಡುವ ಸಣ್ಣ ಗೀಟು.
ಅದನ್ನ ಓದಾಕ ಯಾರ ಸಹಾಯನೂ ಬೇಕಾಗಲಿಲ್ಲ.

ಅಪ್ಪ ಬಾಳೊತ್ತು ಸುಮ್ಮನಿದ್ದ.
'ದಿಂಬು ಈಗ ಯಾರ ಕಡೆ ಐತಿ, ಕೇಳವಾ ತಂಗಿ.
ಐದು ವರ್ಷಕ್ಕೊಮ್ಮೆ ಹಿಂಜಬೇಕು ಅದನ್ನ,
ಇಲ್ಲಂದ್ರ ಗಂಟು ಕಟ್ಟತೈತಿ.'