ಕೂಡ

ಕಾಲೇಜಿನ ವಾರ್ಷಿಕೋತ್ಸವದಲ್ಲಿ ನಿರೂಪಕಿ ಹೇಳುತ್ತಾಳೆ:
ಇವರು ನಮ್ಮ ಕೆಮಿಸ್ಟ್ರಿಯ ಅಂಬುಜಾಕ್ಷಿ ಮೇಡಂ,
ಹಾಡುತ್ತಾರೆ ಕೂಡ.

ರಾಮನವಮಿ ಚಪ್ಪರದಲ್ಲಿ ಕಾರ್ಯದರ್ಶಿಗಳು ಹೇಳುತ್ತಾರೆ:
ಇವರು ವಿದುಷಿ, ಆಕಾಶವಾಣಿಯ ಬಿ-ಹೈ,
ಕಾಲೇಜಿನಲ್ಲಿ ಪಾಠ ಮಾಡುತ್ತಾರೆ ಕೂಡ.

ಎರಡೂ ಕಡೆ ಅವರ ಹಿಂದೆ ತಂಬೂರಿ ಹಿಡಿದು ಕೂತವಳು ನಾನು.
ಆ ಪದ ಬಿದ್ದಾಗಲೆಲ್ಲ
ಅವರ ಬೆನ್ನು ಒಂದು ಎಳೆಯಷ್ಟು ನೆಟ್ಟಗಾಗುತ್ತಿತ್ತು.
ಮುಖ ನನಗೆ ಕಾಣುತ್ತಿರಲಿಲ್ಲ.

ಅಪ್ಪ ಹೊಳೆನರಸೀಪುರದ ಓಲಗದ ಕೆಂಚಯ್ಯ.
ಮುಹೂರ್ತಕ್ಕೆ ಮೊದಲು ಬೇಕಾದವರು,
ಊಟಕ್ಕೆ ಕೊನೆಯ ಪಂಕ್ತಿ.
ಮಗಳು ನಾಗಸ್ವರ ಮುಟ್ಟಿದ ದಿನ
ಊದಬೇಡ, ಓದು, ಅಂದರಂತೆ.
ಓದಿದರು.
ಹಾಡಬೇಡ ಎಂದು ಯಾರೂ ಅಂದಿರಲಿಲ್ಲ,
ಹಾಡು ಅಂತಲೂ.

ಬೆಳಗಿನ ನಾಲ್ಕೂವರೆ, ಕೆ.ಆರ್. ಪುರದ ಮಹಡಿ ಮನೆ.
ಕೆಳಗೆ ಆಲೂಗಡ್ಡೆ ಲಾರಿ ಗೇರು ಬದಲಿಸುವ ಸದ್ದು,
ಮೇಲೆ ಮಂದ್ರದ ಪಂಚಮ.
ಸ್ವಲ್ಪ ತಡಿ, ಲಾರಿ ನಮಗಿಂತ ಶ್ರುತಿಯಲ್ಲಿದೆ,
ಎಂದು ನಗುತ್ತಿದ್ದರು, ಚಳಿಗೆ ಕಿವಿಗೆ ಮಫ್ಲರು ಸುತ್ತಿ.
ಹತ್ತಕ್ಕೆ ಅದೇ ಗಂಟಲು
ಎಂಬತ್ತು ಹುಡುಗರ ಗದ್ದಲದ ಮೇಲೆ, ಸುಣ್ಣದ ಪುಡಿಯಲ್ಲಿ.
ಮಧ್ಯಾಹ್ನ ಲ್ಯಾಬಿನಲ್ಲಿ ಕೊಳೆತ ಮೊಟ್ಟೆ ವಾಸನೆಯ ಗ್ಯಾಸು.
ಕಛೇರಿ ಇದ್ದ ವಾರ ಮಾತ್ರ ಮೂಗಿಗೆ ಒದ್ದೆ ಕರ್ಚೀಫು.
ಮೇಡಂಗೆ ಶೀತ, ಎಂದುಕೊಳ್ಳುತ್ತಿದ್ದರು ಹುಡುಗರು.

ಬಡ್ತಿಯ ಅರ್ಜಿ ತುಂಬುವಾಗ ಪಕ್ಕದಲ್ಲಿದ್ದೆ.
ಪ್ರಕಟಿತ ಲೇಖನ: ಏಳು.
ವಿಚಾರ ಸಂಕಿರಣ: ಹನ್ನೊಂದು.
ಇಪ್ಪತ್ತೊಂಬತ್ತು ವರ್ಷದ ಕಛೇರಿಗೆ ಯಾವ ಕಾಲಂ?
ಗುಮಾಸ್ತ ಪುಟ್ಟಸ್ವಾಮಿ ಕನ್ನಡಕ ತೆಗೆದು ಒರೆಸಿ
'ಇತರೆ' ಅಂತಿದೆಯಲ್ಲ ಮೇಡಂ, ಅಲ್ಲಿ ಹಾಕಿ, ಅಂದ.
ಅಲ್ಲಿ ಒಂದೂವರೆ ಅಂಗುಲ ಜಾಗವಿತ್ತು.
ಖಾಲಿ ಬಿಟ್ಟು ಸಹಿ ಮಾಡಿದರು.

ಒಂದು ರಾತ್ರಿ ಅರಸೀಕೆರೆಯಲ್ಲಿ ಬೇಗಡೆ.
ಅದರ ನಿಷಾದ ನಿಮಗೆ ಗೊತ್ತಿರಬಹುದು,
ಅತ್ತ ಕಾಕಲಿಯ ಮನೆಗೆ ಹೋಗದು, ಇತ್ತ ಕೈಶಿಕಿಯಲ್ಲಿ ಕೂರದು.
ಅವರು ಅದನ್ನು ಹಿಡಿದು ಅಲ್ಲಾಡಿಸಿದಾಗ
ಪಿಟೀಲಿನವರ ಕಮಾನು ಅರ್ಧಕ್ಕೇ ನಿಂತಿತು.
ಮುಂದಿನ ಸಾಲಿನಲ್ಲಿ ಯಾರೋ ಆಹಾ ಅಂದರು.
ಕೊನೆಯ ರೈಲಿಗೆ ಹಾಸನ. ಮಾತಿಲ್ಲ.

ಮರುದಿನ ಬೆಳಿಗ್ಗೆ ನನಗೆ ಪ್ರಾಕ್ಟಿಕಲ್ ಪರೀಕ್ಷೆ, ಅವರೇ ಪರೀಕ್ಷಕರು.
ಬ್ಯೂರೆಟ್ಟಿನ ತಿರುಪು, ನಿದ್ದೆಗೆಟ್ಟ ನನ್ನ ಬೆರಳು.
ಇನ್ನೇನು ಎಳೆ ಗುಲಾಬಿ ನಿಲ್ಲಬೇಕು,
ಒಂದು ಹನಿ ಜಾರಿತು, ಫ್ಲಾಸ್ಕಿನ ತುಂಬ ಕಡು ಬಣ್ಣ.
ಒಂದೇ ಹನಿ, ಮೇಡಂ, ಅಂದೆ.
ಫ್ಲಾಸ್ಕನ್ನು ಬೆಳಕಿಗೆ ಹಿಡಿದು ಬಹಳ ಹೊತ್ತು ನೋಡಿದರು.
ನಿನ್ನೆ ರಾತ್ರಿ ನಿಷಾದಕ್ಕೆ ನಾನೂ ಒಂದು ಹನಿ ಹೆಚ್ಚು ಹಾಕಿದೆ,
ಅಂದರು ಸಣ್ಣ ದನಿಯಲ್ಲಿ.
ಆಹಾ ಅಂದರಲ್ಲ, ಒಬ್ಬರಾದರೂ ಮಾರ್ಕ್ಸು ಕಳೆಯಬಾರದಿತ್ತಾ?
ನನಗೆ ನಾಲ್ಕು ಕಳೆದರು.
ಆಮೇಲೆ ಕ್ಯಾಂಟೀನಿನಲ್ಲಿ ಉಪ್ಪಿಟ್ಟು ಕೊಡಿಸಿದರು.

ಮೊನ್ನೆ ನಿವೃತ್ತಿ.
ಶಾಲು, ಗೋಡೆ ಗಡಿಯಾರ, ಗುಂಪು ಫೋಟೋ.
ಗಂಟೆ ಲೆಕ್ಕದಲ್ಲಿ ದುಡಿಯುವ ಅತಿಥಿ ಉಪನ್ಯಾಸಕಿ ನಾನು,
ನಿರೂಪಣೆ ಯಾವಾಗಲೂ ನಮ್ಮಂಥವರ ಪಾಲಿಗೆ.
ರಾತ್ರಿಯೆಲ್ಲ ಬರೆದು ಹೊಡೆದುಹಾಕಿದ ಚೀಟಿ ಕೈಯಲ್ಲಿ;
ಎರಡು ವಾಕ್ಯಗಳ ನಡುವೆ ಎಲ್ಲಿ ತಿರುಗಿದರೂ ಆ ಪದವೇ.
ಚೀಟಿ ಮಡಚಿದೆ.
ಅಂಬುಜಾಕ್ಷಿ, ಅಂದೆ ಮೈಕಿಗೆ,
ಅಷ್ಟೇ ಅಂದೆ.
ಸಭೆ ಮುಂದಿನ ಮಾತಿಗೆ ಕಾಯುತ್ತಿತ್ತು.

ಅವರು ಎದ್ದು ಬಂದರು.
ಹಾಡಲಿಕ್ಕೋ, ಭಾಷಣಕ್ಕೋ, ನನಗೆ ತಿಳಿಯಲಿಲ್ಲ.
ಮೊದಲು ನೀರು ಕೇಳಿದರು.
ಕೊಟ್ಟ ಗಾಜಿನ ಲೋಟವನ್ನು, ಅಭ್ಯಾಸ ನೋಡಿ,
ಕಣ್ಣಿನ ಮಟ್ಟಕ್ಕೆ ಎತ್ತಿ
ನೀರು ಬಾಗಿದ ಗೆರೆಯನ್ನು ಓದಿ
ಆಮೇಲೆ ಕುಡಿದರು.